ಹಾಡಲು ಬಾರದವನ ಹತ್ತು ಬೆರಳು



ನಮ್ಮ ಕಲಿಕಾ ಕೇಂದ್ರದಲ್ಲಿ ಒಂದು ಸಂಜೆ ಪಾಠ ಮುಗಿದಿತ್ತು. ಸ್ಲೇಟುಗಳನ್ನು ಒರೆಸಿ ಇಡುತ್ತಿದ್ದೆವು. ಯಾರದೋ ಮದುವೆ ಮನೆಯ ಮೈಕಿನಿಂದ ಹಳೇ ಸಿನಿಮಾ ಹಾಡು ಕೇಳಿಬರುತ್ತಿತ್ತು. ಆಗ ಬೀಡಿ ಕಟ್ಟುವ ಅಕ್ಕ ಒಬ್ಬರು ಕೇಳಿದರು:

"ಮೇಷ್ಟ್ರೇ, ಹಾಡಿದವರ ಹೆಸರು ಎಲ್ರಿಗೂ ಗೊತ್ತು. ಹಿಂದುಗಡೆ ಪಿಟೀಲು, ತಬಲ ಬಾರಿಸ್ತಾರಲ್ಲ, ಅವರ ಹೆಸರು ಯಾಕೆ ಯಾರೂ ಹೇಳಲ್ಲ?"

ಒಳ್ಳೆಯ ಪ್ರಶ್ನೆ. ನನಗೂ ಥಟ್ಟನೆ ಉತ್ತರ ಹೊಳೆಯಲಿಲ್ಲ. ಆಮೇಲೆ ಒಬ್ಬ ವಾದ್ಯಗಾರನ ನೆನಪಾಯಿತು. ಅವನು ದೂರದ ಅಮೆರಿಕ ದೇಶದವನು. ಹೆಸರು ರಾಯ್ ಸ್ಮೆಕ್. ಸಿನಿಮಾಕ್ಕೆ ಸದ್ದು ಬಂದ ಮೊದಲ ದಿನಗಳಲ್ಲಿ ಪರದೆಯ ಮೇಲೆ ಕಾಣಿಸಿಕೊಂಡವನು. ಅವನು ದೊಡ್ಡ ನಟನಲ್ಲ. ದೊಡ್ಡ ಹಾಡುಗಾರನಂತೂ ಅಲ್ಲವೇ ಅಲ್ಲ. ಅವನ ಕಥೆಯೇ ಈ ಪಾಠ. ನಿಧಾನವಾಗಿ ಓದಿ. ಒಂದೊಂದು ಭಾಗ ಮುಗಿದ ಮೇಲೆ ಪಕ್ಕದವರ ಜೊತೆ ಮಾತಾಡಿ.

1. ಸಿನಿಮಾ ಮೂಕವಾಗಿದ್ದಾಗ

ಮೊದಲು ಸಿನಿಮಾಕ್ಕೆ ಮಾತಿರಲಿಲ್ಲ. ಹಾಡೂ ಇರಲಿಲ್ಲ. ಪರದೆಯ ಮೇಲೆ ಜನ ಓಡಾಡುತ್ತಿದ್ದರು, ನಗುತ್ತಿದ್ದರು, ಅಳುತ್ತಿದ್ದರು. ಆದರೆ ಸದ್ದು ಇಲ್ಲ. ಅದನ್ನು ಮೂಕಿ ಚಿತ್ರ ಎನ್ನುತ್ತಿದ್ದರು.

ಮಾತು ಬೇಕಾದ ಕಡೆ ಪರದೆಯ ಮೇಲೆ ಬರಹ ಮೂಡುತ್ತಿತ್ತು. ಓದು ಬಂದವರು ಓದಿಕೊಳ್ಳುತ್ತಿದ್ದರು. ಓದು ಬಾರದವರು ಪಕ್ಕದವರನ್ನು ಕೇಳಬೇಕಿತ್ತು. "ಏನಂತೆ? ಏನ್ ಬರ್ದಿದ್ದಾರೆ?" ಈ ಕಷ್ಟ ಏನೆಂದು ನಮ್ಮಲ್ಲಿ ಅನೇಕರಿಗೆ ಗೊತ್ತು. ಬಸ್ ಸ್ಟ್ಯಾಂಡಿನಲ್ಲಿ ಬೋರ್ಡು ನೋಡಿ ನಾವೂ ಹೀಗೇ ಕೇಳಿದ್ದೇವೆ.

ಚಿತ್ರ ಓಡುವಾಗ ಪರದೆಯ ಹತ್ತಿರ ವಾದ್ಯಗಾರರು ಕುಳಿತು ನುಡಿಸುತ್ತಿದ್ದರು. ಅಮೆರಿಕದ ದೊಡ್ಡ ಪಟ್ಟಣಗಳಲ್ಲಿ ಹತ್ತಾರು ಜನರ ವಾದ್ಯವೃಂದ ಇರುತ್ತಿತ್ತು. ಸಣ್ಣ ಊರಿನಲ್ಲಿ ಒಬ್ಬರೇ ಪಿಯಾನೋ ನುಡಿಸುತ್ತಿದ್ದರು. ನಮ್ಮ ದೇಶದಲ್ಲಿ ಹಾರ್ಮೋನಿಯಂ, ತಬಲ ಇಟ್ಟುಕೊಂಡು ಕೂರುತ್ತಿದ್ದರು.

ದೊಡ್ಡ ವಾದ್ಯವೃಂದಕ್ಕೆ ಸಂಬಳ ಕೊಡಲು ಸಣ್ಣ ಊರಿನ ಟಾಕೀಸಿನವರಿಗೆ ಆಗುತ್ತಿರಲಿಲ್ಲ. ಹಾಗಾಗಿ ಒಂದೇ ಚಿತ್ರ ದೊಡ್ಡ ಊರಿನಲ್ಲಿ ಸಿರಿವಂತವಾಗಿ ಕೇಳುತ್ತಿತ್ತು, ಸಣ್ಣ ಊರಿನಲ್ಲಿ ಬಡವಾಗಿ ಕೇಳುತ್ತಿತ್ತು. ಸದ್ದನ್ನು ಚಿತ್ರದ ಜೊತೆಗೇ ಕಳಿಸಲು ಆದರೆ ಎಲ್ಲ ಊರಿಗೂ ಒಂದೇ ಸಂಗೀತ ತಲುಪುತ್ತದೆ ಎಂದು ಕೆಲವರು ಯೋಚಿಸಿದರು.

2. ರಾಯ್ ಸ್ಮೆಕ್ ಯಾರು?

ರಾಯ್ ಸ್ಮೆಕ್ ಹುಟ್ಟಿದ್ದು 1900ನೇ ಇಸವಿ ಫೆಬ್ರವರಿ 6ರಂದು. ಊರು ರೀಡಿಂಗ್. ಅದು ಅಮೆರಿಕದ ಪೆನ್ಸಿಲ್ವೇನಿಯ ರಾಜ್ಯದಲ್ಲಿದೆ.

ಅವನಿಗೆ ತಂತಿ ವಾದ್ಯಗಳ ಹುಚ್ಚು. ಗಿಟಾರು ನುಡಿಸುತ್ತಿದ್ದ. ಬ್ಯಾಂಜೋ ನುಡಿಸುತ್ತಿದ್ದ. ಯುಕುಲೇಲಿ ಎಂಬ ಪುಟ್ಟ ವಾದ್ಯ ನುಡಿಸುತ್ತಿದ್ದ. ಹವಾಯಿಯನ್ ಗಿಟಾರನ್ನೂ ನುಡಿಸುತ್ತಿದ್ದ. ಬಾಯಿಯಿಂದ ಊದುವ ಮೌತ್ ಆರ್ಗನ್ನು ಕೂಡ ಬರುತ್ತಿತ್ತು. ಅದನ್ನು ಕೊರಳಿಗೆ ಸಿಕ್ಕಿಸಿಕೊಂಡು, ಕೈಯಲ್ಲಿ ಗಿಟಾರು ಹಿಡಿದು, ಎರಡನ್ನೂ ಒಟ್ಟಿಗೆ ನುಡಿಸುತ್ತಿದ್ದ.

ಆದರೆ ಅವನಿಗೆ ಒಂದು ಕೊರತೆ ಇತ್ತು. ದನಿ ಚೆನ್ನಾಗಿರಲಿಲ್ಲ. ಹಾಡು ಒಲಿದಿರಲಿಲ್ಲ.

ಆಗ ಅಮೆರಿಕದಲ್ಲಿ ವಾಡೆವಿಲ್ ಎಂಬ ಆಟಗಳು ನಡೆಯುತ್ತಿದ್ದವು. ಒಂದೇ ರಾತ್ರಿ, ಒಂದೇ ರಂಗದ ಮೇಲೆ ಹಲವು ಆಟಗಳು. ಒಬ್ಬ ಹಾಡುತ್ತಾನೆ. ಇನ್ನೊಬ್ಬ ಕುಣಿಯುತ್ತಾನೆ. ಮತ್ತೊಬ್ಬ ನಗಿಸುತ್ತಾನೆ. ಒಬ್ಬೊಬ್ಬರಿಗೂ ಹತ್ತು ಹದಿನೈದು ನಿಮಿಷ. ಅಷ್ಟರಲ್ಲಿ ಜನರ ಮನಸ್ಸು ಗೆಲ್ಲಬೇಕು. ನಮ್ಮ ಕಂಪನಿ ನಾಟಕಗಳ ಹಾಗೆ ಇವರೂ ಊರಿಂದ ಊರಿಗೆ ತಿರುಗುತ್ತಿದ್ದರು.

"ಅಲ್ಲ ಮೇಷ್ಟ್ರೇ, ಹಾಡೋಕೇ ಬರ್ದೆ ಇದ್ದೋನು ಅಲ್ಲಿ ಏನ್ ಮಾಡ್ತಾನೆ?" ಎಂದರು ನಮ್ಮ ಗಾರೆ ಕೆಲಸದ ಅಣ್ಣ.

ಅದನ್ನೇ ಸ್ಮೆಕ್ ಕೂಡ ಯೋಚಿಸಿರಬೇಕು. ಅವನು ಬೆರಳುಗಳನ್ನು ಪಳಗಿಸಿದ. ಬಾಯಿ ಮಾಡದ ಕೆಲಸವನ್ನು ಬೆರಳಿಂದ ಮಾಡಿಸಿದ. ಬಲು ವೇಗವಾಗಿ ನುಡಿಸುವುದನ್ನು ಕಲಿತ. ಯುಕುಲೇಲಿಯ ಮೈಯನ್ನು ತಟ್ಟಿ ತಾಳ ಹಾಕುವುದನ್ನು ಕಲಿತ. ವಾದ್ಯವನ್ನು ಚಮತ್ಕಾರವಾಗಿ ತಿರುಗಿಸಿ ಹಿಡಿದು ನುಡಿಸುವುದನ್ನು ಕಲಿತ. ಜೊತೆಗೆ ಒಂದಿಷ್ಟು ಕುಣಿತವನ್ನೂ ಸೇರಿಸಿದ. ಜನ ಅವನನ್ನು 'ತಂತಿಗಳ ಮಾಂತ್ರಿಕ' ಎಂದು ಕರೆದರು.

ದನಿ ಇದ್ದಿದ್ದರೆ ಅವನು ಹತ್ತರಲ್ಲಿ ಹನ್ನೊಂದನೆಯ ಹಾಡುಗಾರ ಆಗುತ್ತಿದ್ದನೋ ಏನೋ. ದನಿ ಇಲ್ಲದ್ದರಿಂದ ಕೈಚಳಕದವನಾದ.

3. ಎರಡು ವಾದ್ಯಗಳ ಪರಿಚಯ

ಯುಕುಲೇಲಿ ನೋಡಲು ಪುಟ್ಟ ಗಿಟಾರಿನ ಹಾಗೆ ಇರುತ್ತದೆ. ಮಗುವನ್ನು ಎತ್ತಿಕೊಂಡ ಹಾಗೆ ತೋಳಿನಲ್ಲಿ ಹಿಡಿಯಬಹುದು. ನಾಲ್ಕೇ ತಂತಿ. ಇದು ಹವಾಯಿ ದ್ವೀಪಗಳ ವಾದ್ಯ. ಆದರೆ ಇದರ ಮೂಲ ಅಲ್ಲಿಯದಲ್ಲ. 1879ರಲ್ಲಿ ಪೋರ್ಚುಗೀಸ್ ಜನ ಕಬ್ಬಿನ ತೋಟದ ಕೂಲಿಗೆಂದು ಹಡಗಿನಲ್ಲಿ ಹವಾಯಿಗೆ ಬಂದರು. ಬರುವಾಗ ತಮ್ಮ ಊರಿನ ಪುಟ್ಟ ತಂತಿ ವಾದ್ಯವನ್ನೂ ತಂದರು. ಅದನ್ನು ನೋಡಿ ಹವಾಯಿಯಲ್ಲಿ ಯುಕುಲೇಲಿ ಮಾಡಿದರು. ನೋಡಿ, ಕೂಲಿಗೆ ಹೋದವರು ಗಂಟಿನಲ್ಲಿ ಸಂಗೀತವನ್ನೂ ಕಟ್ಟಿಕೊಂಡು ಹೋಗಿದ್ದರು!

ಹವಾಯಿಯನ್ ಗಿಟಾರು ಬೇರೆ ತರಹದ್ದು. ಇದನ್ನು ತೊಡೆಯ ಮೇಲೆ ಮಲಗಿಸಿ ಇಟ್ಟುಕೊಳ್ಳುತ್ತಾರೆ. ಎಡಗೈಯಲ್ಲಿ ಒಂದು ಉಕ್ಕಿನ ತುಂಡು. ಅದನ್ನು ತಂತಿಯ ಮೇಲೆ ಜಾರಿಸುತ್ತಾರೆ. ಬಲಗೈಯಿಂದ ಮೀಟುತ್ತಾರೆ. ಆಗ ಸ್ವರ ಮುರಿಯದೆ, ಎಣ್ಣೆ ಜಾರಿದ ಹಾಗೆ ಜಾರುತ್ತದೆ.

ನಮ್ಮ ಕಡೆಯ ಗೋಟುವಾದ್ಯವನ್ನು ಕೆಲವರು ಕೇಳಿರಬಹುದು. ಅದರಲ್ಲೂ ತಂತಿಯ ಮೇಲೆ ಗೋಟನ್ನು ಜಾರಿಸಿಯೇ ನುಡಿಸುತ್ತಾರೆ. ದೇಶ ಬೇರೆ, ವಾದ್ಯ ಬೇರೆ. ಆದರೆ ಕೈಯ ಉಪಾಯ ಒಂದೇ.

1915ರಲ್ಲಿ ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋ ನಗರದಲ್ಲಿ ದೊಡ್ಡ ವಸ್ತುಪ್ರದರ್ಶನ ನಡೆಯಿತು. ಹವಾಯಿಯ ವಾದ್ಯಗಾರರು ಅಲ್ಲಿ ನುಡಿಸಿದರು. ಜನ ಮರುಳಾದರು. ಆಮೇಲೆ ದೇಶವೆಲ್ಲ ಹವಾಯಿ ಸಂಗೀತದ ಗುಂಗು. ಸ್ಮೆಕ್‌ಗೆ ಆಗ 15 ವರ್ಷ.

4. ಚಿತ್ರಕ್ಕೆ ಸದ್ದು ಬಂದದ್ದು ಹೇಗೆ?

ಚಿತ್ರಕ್ಕೆ ಸದ್ದು ಕೂಡಿಸಲು ಎರಡು ದಾರಿಗಳಿದ್ದವು.

ಒಂದನೆಯ ದಾರಿ: ಫಿಲ್ಮಿನ ಅಂಚಿನಲ್ಲೇ ಸದ್ದನ್ನು ಬೆಳಕಿನ ಗೆರೆಗಳಾಗಿ ಮೂಡಿಸುವುದು. ಲೀ ಡಿ ಫಾರೆಸ್ಟ್ ಎಂಬವರು ಈ ದಾರಿ ಹಿಡಿದರು. ಅದಕ್ಕೆ ಫೋನೋಫಿಲ್ಮ್ ಎಂದು ಹೆಸರಿಟ್ಟರು. 1923ರಲ್ಲಿ ನ್ಯೂಯಾರ್ಕಿನಲ್ಲಿ ಇಂಥ ಕಿರುಚಿತ್ರಗಳನ್ನು ತೋರಿಸಿದರು. ಸ್ಮೆಕ್ ನುಡಿಸಿದ ಒಂದು ಕಿರುಚಿತ್ರವನ್ನೂ ಡಿ ಫಾರೆಸ್ಟ್ ತೆಗೆದರು. ಆದರೆ ದೊಡ್ಡ ಸಿನಿಮಾ ಕಂಪನಿಗಳು ಆಗ ಫೋನೋಫಿಲ್ಮನ್ನು ಕೈಗೆತ್ತಿಕೊಳ್ಳಲಿಲ್ಲ.

ಎರಡನೆಯ ದಾರಿ: ಚಿತ್ರ ಒಂದು ಕಡೆ, ಸದ್ದು ಇನ್ನೊಂದು ಕಡೆ. ಚಿತ್ರ ಫಿಲ್ಮಿನಲ್ಲಿ, ಸದ್ದು ಗ್ರಾಮಫೋನ್ ಪ್ಲೇಟಿನಲ್ಲಿ. ಎರಡೂ ಒಂದೇ ಮೋಟಾರಿನಿಂದ ಜೋಡಿ ಎತ್ತುಗಳ ಹಾಗೆ ಒಟ್ಟಿಗೆ ಓಡಬೇಕು. ಇದರ ಹೆಸರು ವಿಟಾಫೋನ್. ವಾರ್ನರ್ ಬ್ರದರ್ಸ್ ಎಂಬ ಸಿನಿಮಾ ಕಂಪನಿ ಇದಕ್ಕೆ ಹಣ ಹಾಕಿತು.

ಈ ಪ್ಲೇಟು ನಮ್ಮ ಅಜ್ಜಂದಿರ ಕಾಲದ ಸಾಮಾನ್ಯ ಪ್ಲೇಟಿಗಿಂತ ದೊಡ್ಡದು. ಅಗಲ 16 ಅಂಗುಲ. ಒಂದು ಮೊಳಕ್ಕೆ ತುಸು ಕಡಿಮೆ. ಸಾಮಾನ್ಯ ಪ್ಲೇಟು ನಿಮಿಷಕ್ಕೆ 78 ಸುತ್ತು ತಿರುಗುತ್ತಿತ್ತು. ಮೂರು ನಾಲ್ಕು ನಿಮಿಷಕ್ಕೇ ಮುಗಿಯುತ್ತಿತ್ತು. ವಿಟಾಫೋನ್ ಪ್ಲೇಟು ನಿಧಾನವಾಗಿ ತಿರುಗುತ್ತಿತ್ತು. ಮೂರು ನಿಮಿಷಕ್ಕೆ 100 ಸುತ್ತು. ಹಾಗಾಗಿ ಸುಮಾರು ಹತ್ತು ನಿಮಿಷ ನುಡಿಯುತ್ತಿತ್ತು. ಫಿಲ್ಮಿನ ಒಂದು ರೀಲು ಮುಗಿಯಲೂ ಸುಮಾರು ಅಷ್ಟೇ ಹೊತ್ತು. ರೀಲಿಗೆ ಒಂದು ಪ್ಲೇಟು, ಲೆಕ್ಕ ಸರಿಹೋಯಿತು.

ಇನ್ನೊಂದು ವಿಚಿತ್ರ. ಸಾಮಾನ್ಯ ಪ್ಲೇಟಿನಲ್ಲಿ ಮುಳ್ಳು ಹೊರಗಿನಿಂದ ಒಳಕ್ಕೆ ಹೋಗುತ್ತದೆ. ವಿಟಾಫೋನ್ ಪ್ಲೇಟಿನಲ್ಲಿ ಒಳಗಿನಿಂದ ಹೊರಕ್ಕೆ ಬರುತ್ತಿತ್ತು.

5. ಚೀಟಿ ಓದುವ ಕೆಲಸ

ಟಾಕೀಸಿನಲ್ಲಿ ಯಂತ್ರ ನಡೆಸುವವರಿಗೆ ಆಪರೇಟರು ಎನ್ನುತ್ತಾರೆ. ವಿಟಾಫೋನ್ ಬಂದ ಮೇಲೆ ಅವರ ಕೆಲಸ ಬಿಗಿಯಾಯಿತು.

ಫಿಲ್ಮಿನ ಮೇಲೆ 'ಇಲ್ಲಿಂದ ಶುರು' ಎಂಬ ಗುರುತು ಇರುತ್ತಿತ್ತು. ಪ್ಲೇಟಿನ ಮೇಲೆ ಒಂದು ಬಾಣದ ಗುರುತು ಇರುತ್ತಿತ್ತು. ಎರಡನ್ನೂ ಸರಿಯಾಗಿ ಹೊಂದಿಸಿಯೇ ಯಂತ್ರ ಶುರು ಮಾಡಬೇಕು. ಪ್ಲೇಟಿನ ನಡುವೆ ಒಂದು ಚೀಟಿ ಅಂಟಿಸಿರುತ್ತಿತ್ತು. ಇದು ಯಾವ ಚಿತ್ರದ್ದು, ನಂಬರು ಎಷ್ಟು ಎಂದು ಅದರಲ್ಲಿ ಬರೆದಿರುತ್ತಿತ್ತು. ಚೀಟಿ ಓದದೆ ಬೇರೆ ಪ್ಲೇಟು ಹಾಕಿದರೆ ಏನಾಗುತ್ತದೆ? ಪರದೆಯ ಮೇಲೆ ಗಂಡಸು ಗಿಟಾರು ಮೀಟುತ್ತಾನೆ. ಕಿವಿಗೆ ಹೆಂಗಸಿನ ಹಾಡು ಕೇಳುತ್ತದೆ. ಜನ ಬಿದ್ದು ಬಿದ್ದು ನಗುತ್ತಾರೆ.

ಆ ಚೀಟಿಯ ಮೇಲೆ ಪುಟ್ಟ ಪುಟ್ಟ ಚೌಕಗಳೂ ಇರುತ್ತಿದ್ದವು. ಒಂದು ಸಲ ನುಡಿಸಿದರೆ ಒಂದು ಚೌಕಕ್ಕೆ ಗುರುತು ಹಾಕಬೇಕು. ಸುಮಾರು 20 ಸಲ ನುಡಿಸಿದರೆ ಪ್ಲೇಟು ಸವೆಯುತ್ತಿತ್ತು. ಆಮೇಲೆ ಹೊಸ ಪ್ಲೇಟು ಹಾಕಬೇಕು.

ಫಿಲ್ಮು ಹರಿದರೆ ಇನ್ನೂ ಕಷ್ಟ. ಹರಿದ ತುಂಡನ್ನು ಬಿಸಾಕಿ ಅಂಟಿಸಿದರೆ ಚಿತ್ರ ಮುಂದೆ ಓಡುತ್ತದೆ, ಸದ್ದು ಹಿಂದೆ ಉಳಿಯುತ್ತದೆ. ಹಾಗಾಗಿ ಎಷ್ಟು ಚಿತ್ರ ಹೋಯಿತೋ ಅಷ್ಟೇ ಕಪ್ಪು ಫಿಲ್ಮನ್ನು ಎಣಿಸಿ ಸೇರಿಸಬೇಕಿತ್ತು. ಒಂದು ಸೆಕೆಂಡಿಗೆ 24 ಚಿತ್ರ. ಲೆಕ್ಕ ತಪ್ಪುವಂತಿರಲಿಲ್ಲ.

ಓದು ಮತ್ತು ಲೆಕ್ಕ ಎಲ್ಲೆಲ್ಲಿ ಬೇಕಾಗುತ್ತದೆ ನೋಡಿ!

6. ಆ ರಾತ್ರಿ

1926ನೇ ಇಸವಿ ಆಗಸ್ಟ್ 6. ನ್ಯೂಯಾರ್ಕ್ ನಗರದ ವಾರ್ನರ್ ಥಿಯೇಟರು. ವಿಟಾಫೋನಿನ ಮೊದಲ ಪ್ರದರ್ಶನ.

ದೊಡ್ಡ ಚಿತ್ರದ ಹೆಸರು 'ಡಾನ್ ಜುವಾನ್'. ಅದಕ್ಕೆ ಸಂಗೀತ ಇತ್ತು, ಆದರೆ ಮಾತು ಇರಲಿಲ್ಲ. ಅದಕ್ಕಿಂತ ಮೊದಲು ಹಲವು ಕಿರುಚಿತ್ರಗಳನ್ನು ತೋರಿಸಿದರು. ಒಂದು ಭಾಷಣ. ನ್ಯೂಯಾರ್ಕಿನ ದೊಡ್ಡ ವಾದ್ಯವೃಂದ. ಹೆಸರಾಂತ ಪಿಟೀಲು ವಾದಕ ಮಿಶಾ ಎಲ್ಮನ್. ಹೆಸರಾಂತ ಹಾಡುಗಾರ ಜಿಯೊವಾನಿ ಮಾರ್ಟಿನೆಲ್ಲಿ. ಇವರೆಲ್ಲ ಶಾಸ್ತ್ರೀಯ ಸಂಗೀತದ ಘಟಾನುಘಟಿಗಳು.

ಅವರ ನಡುವೆ ಒಬ್ಬನೇ ಒಬ್ಬ ಬಯಲಾಟದವನ ಹಾಗೆ ಬಂದ ನಮ್ಮ ಸ್ಮೆಕ್. ವಯಸ್ಸು 26. ಕೈಯಲ್ಲಿ ಹವಾಯಿಯನ್ ಗಿಟಾರು, ಯುಕುಲೇಲಿ. ಅವನ ಕಿರುಚಿತ್ರದ ಹೆಸರಿನ ಅರ್ಥ 'ಅವನ ಹೊತ್ತು ಕಳೆಯುವ ಆಟಗಳು'. ಕೆಲವೇ ನಿಮಿಷಗಳ ಚಿತ್ರ. ಕಥೆ ಇಲ್ಲ, ಜಗಳ ಇಲ್ಲ. ಒಬ್ಬ ಮನುಷ್ಯ ಕೂತು ನುಡಿಸುತ್ತಾನೆ, ಅಷ್ಟೇ.

ಆದರೆ ಅದನ್ನು ತೆಗೆಯುವುದು ಸುಲಭವಾಗಿರಲಿಲ್ಲ. ಆಗ ಸದ್ದನ್ನು ಮೇಣದ ತಟ್ಟೆಯ ಮೇಲೆ ಕೊರೆಯುತ್ತಿದ್ದರು. ಕೊರೆದದ್ದನ್ನು ಅಳಿಸಿ ತಿದ್ದಲು ಆಗುತ್ತಿರಲಿಲ್ಲ. ನಡುವೆ ಒಂದು ತಂತಿ ತಪ್ಪಿದರೆ ಮೊದಲಿಂದ ನುಡಿಸಬೇಕು. ಯಾರಾದರೂ ಕೆಮ್ಮಿದರೂ ಮೊದಲಿಂದ ನುಡಿಸಬೇಕು. ಕ್ಯಾಮೆರಾದ ಗರಗರ ಸದ್ದು ಸೇರಬಾರದೆಂದು ಕ್ಯಾಮೆರಾವನ್ನೂ, ಕ್ಯಾಮೆರಾದವನನ್ನೂ ಮುಚ್ಚಿದ ಗೂಡಿನೊಳಗೆ ಇಡುತ್ತಿದ್ದರು. ಒಳಗೆ ಅವನು ಬೆವರಿ ನೀರಾಗುತ್ತಿದ್ದ.

ಇಂಥ ಕಡೆ ಸ್ಮೆಕ್‌ನಂಥವರು ಗೆದ್ದರು. ಯಾಕೆ? ವಾಡೆವಿಲ್‌ನಲ್ಲಿ ಒಂದೇ ಆಟವನ್ನು ದಿನಕ್ಕೆ ಹಲವು ಸಲ, ವರ್ಷಗಟ್ಟಲೆ ಮಾಡಿ ಪಳಗಿದ್ದರು. ಕೊಟ್ಟ ನಿಮಿಷದಲ್ಲಿ, ತಪ್ಪಿಲ್ಲದೆ, ನಗುತ್ತಾ ಮುಗಿಸುವುದು ಅವರಿಗೆ ಗೊತ್ತಿತ್ತು. ಯಂತ್ರ ಹೊಸದು. ಆದರೆ ಯಂತ್ರಕ್ಕೆ ಬೇಕಾದದ್ದು ಹಳೇ ಅಭ್ಯಾಸ.

7. ಒಬ್ಬನೇ ನಾಲ್ವರಾದ

ಆ ಪ್ರದರ್ಶನದಿಂದ ಸ್ಮೆಕ್‌ನ ಹೆಸರು ಹರಡಿತು. ಷಿಕಾಗೋ ನಗರದ ಹಾರ್ಮನಿ ಎಂಬ ವಾದ್ಯ ತಯಾರಿಸುವ ಕಂಪನಿ ಅವನ ಹೆಸರಿನಲ್ಲೇ ಒಂದು ಯುಕುಲೇಲಿ ಮಾಡಿತು. ಅದಕ್ಕೆ 'ವಿಟಾ ಯೂಕ್' ಎಂದು ಹೆಸರು. ವಿಟಾಫೋನ್ ಹೆಸರಿನಿಂದಲೇ ಈ 'ವಿಟಾ' ಬಂತು. ಅದರ ಆಕಾರ ಪೇರು ಹಣ್ಣಿನ ಹಾಗೆ. ಸದ್ದು ಹೊರಬರುವ ರಂಧ್ರಗಳು ನೀರುನಾಯಿಯಂಥ ಕಡಲ ಪ್ರಾಣಿ ಸೀಲ್‌ನ ಆಕಾರದಲ್ಲಿದ್ದವು.

1927ರ ಅಕ್ಟೋಬರ್‌ನಲ್ಲಿ 'ದಿ ಜಾಝ್ ಸಿಂಗರ್' ಚಿತ್ರ ಬಂತು. ಅದರಲ್ಲಿ ಹಾಡೂ ಇತ್ತು, ಸ್ವಲ್ಪ ಮಾತೂ ಇತ್ತು. ಜನ ಮುಗಿಬಿದ್ದರು. ಆಮೇಲೆ ಮೂಕಿ ಚಿತ್ರಗಳ ಕಾಲ ಮುಗಿಯುತ್ತಾ ಬಂತು. ಪ್ಲೇಟಿನ ದಾರಿಯೂ ಬಹಳ ದಿನ ಬಾಳಲಿಲ್ಲ. ಫಿಲ್ಮಿನ ಅಂಚಿನಲ್ಲೇ ಸದ್ದು ಮೂಡಿಸುವ ದಾರಿ ಗೆದ್ದಿತು.

1933ರಲ್ಲಿ ಸ್ಮೆಕ್ ಇನ್ನೊಂದು ಕಿರುಚಿತ್ರದಲ್ಲಿ ಬಂದ. ಅದರಲ್ಲಿ ರಸ್ ಕೊಲಂಬೊ ಎಂಬ ಹೆಸರಾಂತ ಹಾಡುಗಾರನೂ ಇದ್ದ. ಅದರಲ್ಲಿ ಒಂದು ಸೋಜಿಗದ ದೃಶ್ಯ ಇದೆ. ಪರದೆಯನ್ನು ನಾಲ್ಕು ಭಾಗ ಮಾಡಿದ್ದಾರೆ, ರೊಟ್ಟಿಯನ್ನು ನಾಲ್ಕು ತುಂಡು ಮಾಡಿದ ಹಾಗೆ. ನಾಲ್ಕರಲ್ಲೂ ಸ್ಮೆಕ್‌ನೇ! ಒಂದೊಂದರಲ್ಲೂ ಒಂದೊಂದು ಬೇರೆ ವಾದ್ಯ. ನಾಲ್ಕೂ ಸೇರಿ ಒಂದೇ ಹಾಡು.

ಇದನ್ನು ಹೇಗೆ ಮಾಡಿದರು? ಒಂದೊಂದು ವಾದ್ಯವನ್ನೂ ಬೇರೆ ಬೇರೆಯಾಗಿ ನುಡಿಸಿ, ಆಮೇಲೆ ಕೂಡಿಸಬೇಕು. ಒಂದು ಗಳಿಗೆ ಹಿಂದುಮುಂದಾದರೂ ನಾಲ್ವರು ನಾಲ್ಕು ದಿಕ್ಕಿಗೆ ಹೋಗುತ್ತಾರೆ. ತನ್ನ ಜೊತೆಗೇ ತಾನು ತಾಳ ತಪ್ಪದೆ ನುಡಿಸಬೇಕು. ಇಂದು ಮೊಬೈಲಿನಲ್ಲಿ ಹುಡುಗರು ಇಂಥ ಆಟ ಆಡುತ್ತಾರೆ. ಆದರೆ ಅದು 1933.

ಅದೇ ವರ್ಷ ಅಮೆರಿಕದ ರಾಷ್ಟ್ರಾಧ್ಯಕ್ಷ ರೂಸ್‌ವೆಲ್ಟ್ ಅಧಿಕಾರ ವಹಿಸಿಕೊಂಡ ಸಮಾರಂಭದಲ್ಲಿ ಸ್ಮೆಕ್ ನುಡಿಸಿದ. 1937ರಲ್ಲಿ ಇಂಗ್ಲೆಂಡಿನ ರಾಜ ಆರನೇ ಜಾರ್ಜ್‌ಗೆ ಪಟ್ಟಾಭಿಷೇಕ ಆಯಿತು. ಆಗ ನಮ್ಮ ದೇಶವೂ ಅವನ ಆಳ್ವಿಕೆಯಲ್ಲಿತ್ತು. ಆ ಪಟ್ಟಾಭಿಷೇಕದ ಸಂದರ್ಭದಲ್ಲೂ ಸ್ಮೆಕ್ ನುಡಿಸಿದ. ಅವನ ಗ್ರಾಮಫೋನ್ ಪ್ಲೇಟುಗಳು ನೂರಾರು.

8. ನಾಣ್ಯದ ಇನ್ನೊಂದು ಮುಖ

ಇಷ್ಟು ಓದಿದಾಗ ನಮ್ಮ ತರಗತಿಯ ಅಜ್ಜ ಒಬ್ಬರು ಕೇಳಿದರು: "ಸರಿ ಮೇಷ್ಟ್ರೇ, ಪರದೆ ಹತ್ರ ಕೂತು ನುಡಿಸ್ತಿದ್ರಲ್ಲ, ಅವರ ಗತಿ ಏನಾಯ್ತು?"

ಅಜ್ಜ ಒಂದು ಕಾಲದಲ್ಲಿ ಎತ್ತಿನ ಗಾಣ ನಡೆಸಿದವರು. ಊರಿಗೆ ಮಿಲ್ಲು ಬಂದ ಮೇಲೆ ಗಾಣ ನಿಂತಿತು. ಅದಕ್ಕೇ ಅವರಿಗೆ ಈ ಪ್ರಶ್ನೆ ಮೊದಲು ಹೊಳೆಯಿತು.

ಅವರ ಕೆಲಸ ಹೋಯಿತು. ಅಮೆರಿಕದಲ್ಲಿ ಸಾವಿರಾರು ವಾದ್ಯಗಾರರು ಕೆಲವೇ ವರ್ಷಗಳಲ್ಲಿ ಕೆಲಸ ಕಳೆದುಕೊಂಡರು. 1929ರಲ್ಲಿ ಅಲ್ಲಿ ದೊಡ್ಡ ಆರ್ಥಿಕ ಕುಸಿತವೂ ಬಂತು. ಬೇರೆ ಕೆಲಸವೂ ಸಿಗದ ಹಾಗಾಯಿತು. ವಾದ್ಯಗಾರರ ಒಕ್ಕೂಟದವರು ಪತ್ರಿಕೆಗಳಲ್ಲಿ ಜಾಹೀರಾತು ಕೊಟ್ಟರು. 'ಡಬ್ಬಿಯಲ್ಲಿ ತುಂಬಿದ ಸಂಗೀತ ಬೇಡ, ಜೀವ ಇರುವ ಸಂಗೀತ ಬೇಕು' ಎಂಬುದು ಅವರ ವಾದ. ಆ ಜಾಹೀರಾತುಗಳಲ್ಲಿ ಯಂತ್ರಮಾನವನ ಚಿತ್ರ ಬರೆದಿರುತ್ತಿತ್ತು. ಆದರೆ ಕಾಲ ಹಿಂದಕ್ಕೆ ತಿರುಗಲಿಲ್ಲ. ವಾಡೆವಿಲ್ ಆಟಗಳೂ ನಿಧಾನವಾಗಿ ನಿಂತುಹೋದವು.

ಹಾಗಾದರೆ ಯಂತ್ರ ಒಳ್ಳೆಯದೋ, ಕೆಟ್ಟದ್ದೋ? ಒಂದೇ ಮಾತಿನಲ್ಲಿ ಹೇಳಲಾಗದು. ಸಣ್ಣ ಊರಿನ ಬಡವರಿಗೂ ದೊಡ್ಡ ವಾದ್ಯವೃಂದ ಕೇಳುವ ಭಾಗ್ಯ ಬಂತು. ಅದೇ ಊರಿನ ಪಿಯಾನೋದವಳ ಮನೆಗೆ ಸಂಬಳ ನಿಂತಿತು. ಎರಡೂ ನಿಜ. ಹೊಸ ಯಂತ್ರ ಬಂದಾಗ ಯಾರಿಗೆ ಲಾಭ, ಯಾರಿಗೆ ನಷ್ಟ ಎಂದು ನಾವು ಕೇಳಲೇಬೇಕು. ಅಜ್ಜ ಕೇಳಿದ ಹಾಗೆ.

9. ನಮ್ಮಲ್ಲಿ ಮಾತು ಬಂದದ್ದು

ನಮ್ಮ ದೇಶದ ಮೊದಲ ಮಾತಿನ ಚಿತ್ರ 'ಆಲಂ ಆರಾ'. ಅದು ಹಿಂದೂಸ್ತಾನಿ ಭಾಷೆಯದು. 1931ರ ಮಾರ್ಚ್ 14ರಂದು ಮುಂಬಯಿಯ ಮೆಜೆಸ್ಟಿಕ್ ಟಾಕೀಸಿನಲ್ಲಿ ತೆರೆಕಂಡಿತು. ಕನ್ನಡದ ಮೊದಲ ಮಾತಿನ ಚಿತ್ರ 'ಸತಿ ಸುಲೋಚನ'. ಅದು 1934ರಲ್ಲಿ ಬೆಂಗಳೂರಿನಲ್ಲಿ ತೆರೆಕಂಡಿತು. ಚಿತ್ರೀಕರಣ ನಡೆದದ್ದು ಕೊಲ್ಲಾಪುರದಲ್ಲಿ. ಸುಬ್ಬಯ್ಯ ನಾಯ್ಡು, ಆರ್. ನಾಗೇಂದ್ರರಾಯರು ಅದರಲ್ಲಿ ನಟಿಸಿದರು. ಇಬ್ಬರೂ ಕಂಪನಿ ನಾಟಕಗಳಲ್ಲಿ ಪಳಗಿದವರು. ನೋಡಿ, ಅಲ್ಲಿ ವಾಡೆವಿಲ್‌ನವರು, ಇಲ್ಲಿ ನಾಟಕದವರು. ಪರದೆಗೆ ಸದ್ದು ಬಂದಾಗ ಎರಡು ಕಡೆಯೂ ರಂಗದ ಮೇಲೆ ಪಳಗಿದವರೇ ಬೇಕಾದರು.

ಈಗ ಒಂದು ಬೇಸರದ ಸಂಗತಿ. 'ಆಲಂ ಆರಾ' ಚಿತ್ರವನ್ನು ಇಂದು ಯಾರೂ ನೋಡಲಾಗದು. 'ಸತಿ ಸುಲೋಚನ'ವನ್ನೂ ನೋಡಲಾಗದು. ಎರಡರ ಪ್ರತಿಗಳೂ ಉಳಿದಿಲ್ಲ. ಆ ಕಾಲದ ಫಿಲ್ಮು ಬೇಗ ಬೆಂಕಿ ಹಿಡಿಯುತ್ತಿತ್ತು. ಇಟ್ಟಲ್ಲೇ ಕೊಳೆತು ಪುಡಿಯಾಗುತ್ತಿತ್ತು. ಚಿತ್ರ ಓಡಿ ಮುಗಿದ ಮೇಲೆ ಅದನ್ನು ಕಾಪಾಡಬೇಕು ಎಂದು ಆಗ ಹೆಚ್ಚಿನವರಿಗೆ ಅನಿಸಲಿಲ್ಲ. ನಮ್ಮ ದೇಶದಲ್ಲಿ ಹಳೇ ಚಿತ್ರಗಳನ್ನು ಕಾಪಾಡಲು ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾದದ್ದು 1964ರಲ್ಲಿ. ಅಷ್ಟರಲ್ಲಿ ಎಷ್ಟೋ ಚಿತ್ರಗಳು ಹೋಗಿದ್ದವು.

ಕನ್ನಡಿಗರು ಪರದೆಯ ಮೇಲೆ ಕೇಳಿದ ಮೊದಲ ಕನ್ನಡ ಮಾತು ಹೇಗಿತ್ತು? ನಮ್ಮ ಮಕ್ಕಳು ಕೇಳಿದರೆ ನಾವು ಕೇಳಿಸಲಾರೆವು.

10. ಕಳೆದವರು, ಕೂಡಿದವರು

ವಿಟಾಫೋನ್ ಕಿರುಚಿತ್ರಗಳಿಗೂ ಇದೇ ಗತಿ ಬಂತು. ಇಲ್ಲಿ ಇನ್ನೊಂದು ತೊಡಕು. ಫಿಲ್ಮು ಬೇರೆ, ಪ್ಲೇಟು ಬೇರೆ ತಾನೇ? ಎರಡೂ ಜಾತ್ರೆಯಲ್ಲಿ ಕೈಬಿಟ್ಟ ಅಣ್ಣತಮ್ಮಂದಿರ ಹಾಗೆ ಬೇರೆಯಾದವು. ಎಲ್ಲೋ ಫಿಲ್ಮು ಉಳಿಯಿತು, ಪ್ಲೇಟು ಇಲ್ಲ. ಮನುಷ್ಯ ಬಾಯಿ ತೆರೆಯುತ್ತಾನೆ, ದನಿ ಇಲ್ಲ. ಎಲ್ಲೋ ಪ್ಲೇಟು ಉಳಿಯಿತು, ಫಿಲ್ಮು ಇಲ್ಲ. ದನಿ ಇದೆ, ಮುಖ ಇಲ್ಲ.

1991ರಲ್ಲಿ ಅಮೆರಿಕದ ಕೆಲವು ಹಳೇ ಪ್ಲೇಟು ಸಂಗ್ರಹಿಸುವವರು ಒಂದು ಸಂಘ ಕಟ್ಟಿಕೊಂಡರು. ಯಾರ ಯಾರ ಮನೆಯಲ್ಲಿ, ಅಟ್ಟದಲ್ಲಿ, ಗೋದಾಮಿನಲ್ಲಿ ವಿಟಾಫೋನ್ ಪ್ಲೇಟು ಇದೆ ಎಂದು ಹುಡುಕಿದರು. ಸಿಕ್ಕ ಪ್ಲೇಟಿನ ಗುರುತು ಓದಿ ಪಟ್ಟಿ ಮಾಡಿದರು. ಸಂಗ್ರಹಾಲಯಗಳಲ್ಲಿ ದನಿ ಇಲ್ಲದೆ ಬಿದ್ದಿದ್ದ ಫಿಲ್ಮುಗಳ ಜೊತೆ ತಾಳೆ ನೋಡಿದರು. ಹೀಗೆ ನೂರಕ್ಕೂ ಹೆಚ್ಚು ಕಿರುಚಿತ್ರಗಳಿಗೆ ಮತ್ತೆ ದನಿ ಬಂತು.

ನೆನಪಿದೆಯೇ, ಪ್ಲೇಟಿನ ನಡುವೆ ಒಂದು ಚೀಟಿ ಇತ್ತು. ಹೆಸರು, ನಂಬರು ಬರೆದ ಚೀಟಿ. ಅಷ್ಟು ವರ್ಷಗಳ ಮೇಲೂ ಅದೇ ದಾರಿ ತೋರಿಸಿತು. ಯಾರೋ ಬರೆದಿಟ್ಟರು. ಯಾರೋ ಓದಿದರು. ನಡುವೆ ಅರುವತ್ತು ಎಪ್ಪತ್ತು ವರ್ಷ ಕಳೆದಿತ್ತು.

ಸ್ಮೆಕ್‌ನ 1926ರ ಕಿರುಚಿತ್ರ ಅದೃಷ್ಟದಿಂದ ಉಳಿದಿದೆ. ಚಿತ್ರವೂ ಇದೆ, ಸದ್ದೂ ಇದೆ. ಇಂದಿಗೂ ನೋಡಬಹುದು.

ಸ್ಮೆಕ್ ಬರೆದಿಟ್ಟದ್ದೂ ಇದೆ. ಗಿಟಾರು, ಯುಕುಲೇಲಿ, ಬ್ಯಾಂಜೋ ಕಲಿಯುವವರಿಗಾಗಿ ಅವನು ಪಾಠ ಪುಸ್ತಕಗಳನ್ನು ಮಾಡಿದ. ಗುರುವಿನ ಹತ್ತಿರ ಹೋಗಲಾರದವರು ಆ ಪುಸ್ತಕ ನೋಡಿ ಬೆರಳು ಇಡುವುದನ್ನು ಕಲಿತರು. ಕಾಲ ಬದಲಾಯಿತು. ಹೊಸ ಸಂಗೀತ ಬಂತು. ಜನ ಸ್ಮೆಕ್‌ನನ್ನು ಮರೆತರು. ಅವನು ನುಡಿಸುವುದನ್ನು ಬಿಡಲಿಲ್ಲ. ಅವನ ಮುಪ್ಪಿನಲ್ಲಿ ಅವನ ಬಗ್ಗೆಯೇ ಒಂದು ಸಾಕ್ಷ್ಯಚಿತ್ರ ಬಂತು. ಅದು 1985ನೇ ಸಾಲಿನ ಆಸ್ಕರ್ ಪ್ರಶಸ್ತಿಯ ಅಂತಿಮ ಪಟ್ಟಿಯವರೆಗೂ ಹೋಯಿತು.

1994ರ ಏಪ್ರಿಲ್ 5ರಂದು ರಾಯ್ ಸ್ಮೆಕ್ ನ್ಯೂಯಾರ್ಕಿನಲ್ಲಿ ತೀರಿಕೊಂಡ. ಆಗ ಅವನಿಗೆ 94 ವರ್ಷ.

11. ಕೊನೆಗೆ ಒಂದು ಮಾತು

ಬೀಡಿ ಕಟ್ಟುವ ಅಕ್ಕನ ಪ್ರಶ್ನೆಗೆ ಈಗ ಉತ್ತರ ಸಿಕ್ಕಿತೇ? ಹಿಂದೆ ಕೂತು ನುಡಿಸುವವರ ಹೆಸರು ಯಾಕೆ ಉಳಿಯಲ್ಲ? ಯಾರೂ ಬರೆದಿಡುವುದಿಲ್ಲ, ಅದಕ್ಕೆ. ಬರೆದಿಟ್ಟರೆ ಉಳಿಯುತ್ತದೆ.

ಪಾಠ ಮುಗಿದ ಮೇಲೆ ಆ ಅಕ್ಕ ಎದ್ದು ಬೋರ್ಡಿನ ಹತ್ತಿರ ಹೋದರು. ಸೀಮೆಸುಣ್ಣ ತೆಗೆದುಕೊಂಡರು. ಒಂದು ಹೆಸರು ಬರೆದರು. ಒತ್ತಕ್ಷರ ಒಂದು ತಪ್ಪಾಗಿತ್ತು. ಅಳಿಸಿ ತಾವೇ ತಿದ್ದಿದರು.

"ಯಾರಕ್ಕಾ ಇವರು?" ಎಂದೆ.

"ನಮ್ಮಪ್ಪ. ಊರ ಜಾತ್ರೇಲಿ ಡೋಲು ಬಾರಿಸ್ತಿದ್ರು. ನಲವತ್ತು ವರ್ಷ ಬಾರಿಸಿದ್ರು. ಅವರ ಹೆಸರು ಇವತ್ತಿನ ತನಕ ಎಲ್ಲೂ ಬರ್ದಿರಲಿಲ್ಲ."

ಆ ದಿನ ನಾವು ಬೋರ್ಡು ಒರೆಸಲಿಲ್ಲ.

ಹೊಸ ಪದಗಳು

ಮೂಕಿ ಚಿತ್ರ: ಮಾತು, ಸದ್ದು ಇಲ್ಲದ ಸಿನಿಮಾ.
ಕಿರುಚಿತ್ರ: ಕೆಲವೇ ನಿಮಿಷಗಳ ಚಿಕ್ಕ ಸಿನಿಮಾ.
ವಾದ್ಯವೃಂದ: ಒಟ್ಟಿಗೆ ನುಡಿಸುವ ವಾದ್ಯಗಾರರ ಗುಂಪು.
ಕೈಚಳಕ: ಕೈಯಿಂದ ಮಾಡುವ ಜಾಣ ಕೆಲಸ.
ಸಾಕ್ಷ್ಯಚಿತ್ರ: ನಿಜ ಸಂಗತಿಗಳನ್ನು ತೋರಿಸುವ ಚಿತ್ರ.
ಸಂಗ್ರಹಾಲಯ: ಹಳೇ ವಸ್ತುಗಳನ್ನು ಕಾಪಾಡಿ ಇಡುವ ಜಾಗ.

ಉತ್ತರ ಹೇಳಿ

1. ಮೂಕಿ ಚಿತ್ರ ಓಡುವಾಗ ಸಂಗೀತ ಎಲ್ಲಿಂದ ಬರುತ್ತಿತ್ತು?
2. ಸ್ಮೆಕ್ ತನ್ನ ಕೊರತೆಯನ್ನು ಹೇಗೆ ನೀಗಿಸಿಕೊಂಡ?
3. ವಿಟಾಫೋನ್ ಪ್ಲೇಟಿನ ಚೀಟಿಯನ್ನು ಆಪರೇಟರು ಏಕೆ ಓದಬೇಕಿತ್ತು?
4. ಕನ್ನಡದ ಮೊದಲ ಮಾತಿನ ಚಿತ್ರ ಯಾವುದು? ಯಾವ ವರ್ಷ ತೆರೆಕಂಡಿತು?

ಲೆಕ್ಕ ಮಾಡಿ

1. ವಿಟಾಫೋನ್ ಪ್ಲೇಟು 3 ನಿಮಿಷಕ್ಕೆ 100 ಸುತ್ತು ತಿರುಗುತ್ತದೆ. 9 ನಿಮಿಷಕ್ಕೆ ಎಷ್ಟು ಸುತ್ತು?
2. ಒಂದು ಸೆಕೆಂಡಿಗೆ 24 ಚಿತ್ರ ಓಡುತ್ತದೆ. 10 ಸೆಕೆಂಡಿಗೆ ಎಷ್ಟು ಚಿತ್ರ?

ಮಾತಾಡಿ

ನಿಮ್ಮ ಊರಿಗೆ ಹೊಸ ಯಂತ್ರ ಬಂದಾಗ ಯಾರ ಕೆಲಸ ಹೋಯಿತು? ಯಾರಿಗೆ ಅನುಕೂಲವಾಯಿತು? ಗುಂಪಿನಲ್ಲಿ ಮಾತಾಡಿ.

ಬರೆಯಿರಿ

ನಿಮ್ಮ ಊರಿನಲ್ಲಿ ಹಾಡುವವರು, ಡೋಲು, ತಮಟೆ, ಓಲಗ, ಏಕತಾರಿ ನುಡಿಸುವವರು ಯಾರಿದ್ದಾರೆ? ಹಿಂದೆ ಯಾರಿದ್ದರು? ಅವರ ಹೆಸರು, ವಾದ್ಯದ ಹೆಸರು, ಯಾರಿಂದ ಕಲಿತರು ಎಂಬುದನ್ನು ಒಂದು ಹಾಳೆಯಲ್ಲಿ ಬರೆಯಿರಿ. ತಾರೀಕು ಹಾಕಿ. ಕೆಳಗೆ ನಿಮ್ಮ ಸಹಿ ಮಾಡಿ. ಆ ಹಾಳೆಯನ್ನು ಜೋಪಾನವಾಗಿ ಇಡಿ.